ಒಳಗೆ ನೋಡುವ ಸಾಧನ ಎಂಡೋಸ್ಕೋಪ್: ರೈತ ಕುಟುಂಬಗಳು ತಿಳಿದಿರಬೇಕಾದ ವಿಷಯಗಳು

ಅಂಗೈ ಹುಣ್ಣಿಗೆ ಕನ್ನಡಿ ಬೇಡ ಎಂಬುದು ನಮ್ಮ ಹಿರಿಯರ ಮಾತು. ಆದರೆ ಹೊಟ್ಟೆಯೊಳಗಿನ ಹುಣ್ಣಿಗೆ ಕನ್ನಡಿ ಬೇಕೇ ಬೇಕು. ಸಾವಿರ ಅಡಿ ಆಳದ ಕೊಳವೆ ಬಾವಿಯಲ್ಲಿ ಮೋಟಾರು ಎಲ್ಲಿ ಸಿಕ್ಕಿಕೊಂಡಿದೆ ಎಂದು ತಿಳಿಯುವುದಕ್ಕೂ, ಹಸುವಿನ ಅನ್ನನಾಳದಲ್ಲಿ ಏನು ಅಡ್ಡವಾಗಿದೆ ಎಂದು ಕಾಣುವುದಕ್ಕೂ ಇದೇ ಮಾತು ಅನ್ವಯಿಸುತ್ತದೆ. ಕೊಯ್ಯದೆ, ಅಗೆಯದೆ, ಬಿಚ್ಚದೆ ಒಳಭಾಗವನ್ನು ಕಣ್ಣಿಗೆ ತೋರಿಸುವ ಸಾಧನವೇ ಎಂಡೋಸ್ಕೋಪ್. ಕನ್ನಡದಲ್ಲಿ ಇದನ್ನು ಅಂತರ್ದರ್ಶಕ ಎನ್ನಬಹುದು.

ದೊಡ್ಡಬಳ್ಳಾಪುರ ತಾಲ್ಲೂಕಿನ ಬಾಶೆಟ್ಟಿಹಳ್ಳಿಯಂತಹ ಊರುಗಳಲ್ಲಿ ಇಂದು ಒಂದೇ ಮನೆಯಲ್ಲಿ ರಾಗಿ ಹೊಲ, ಎರಡು ಸೀಮೆಹಸು, ಒಂದು ಕೊಳವೆ ಬಾವಿ ಮತ್ತು ಕೈಗಾರಿಕಾ ಪ್ರದೇಶದಲ್ಲಿ ದುಡಿಯುವ ಮಗ ಅಥವಾ ಮಗಳು ಇರುವುದನ್ನು ಕಾಣುತ್ತೇವೆ. ಇಂತಹ ಕುಟುಂಬಕ್ಕೆ ಎಂಡೋಸ್ಕೋಪ್ ಒಂದಲ್ಲ ಒಂದು ಸಲ ಎದುರಾಗುತ್ತದೆ. ಆಗ ಹೆದರಿ ಹಿಂದೆ ಸರಿಯುವುದೂ ತಪ್ಪು, ಕೇಳದೆ ಹಣ ಕೊಡುವುದೂ ತಪ್ಪು. ಈ ಸಾಧನ ಹೇಗೆ ಕೆಲಸ ಮಾಡುತ್ತದೆ, ಅದನ್ನು ಯಾರು ತಯಾರಿಸುತ್ತಾರೆ, ಅದು ಏನನ್ನು ತೋರಿಸಬಲ್ಲದು, ಏನನ್ನು ತೋರಿಸಲಾರದು ಎಂಬುದನ್ನು ಈ ಲೇಖನದಲ್ಲಿ ವಿವರಿಸಲಾಗಿದೆ.

ಸಾಧನದ ಭಾಗಗಳು

ಎಂಡೋಸ್ಕೋಪ್‌ಗಳಲ್ಲಿ ಮುಖ್ಯವಾಗಿ ಎರಡು ಬಗೆ. ಮೊದಲನೆಯದು ಬಾಗದ, ನೇರ ಕೊಳವೆ. ಮೂತ್ರಕೋಶ, ಕೀಲು ಮತ್ತು ಹೊಟ್ಟೆಯ ಪೊಳ್ಳನ್ನು ಸಣ್ಣ ರಂಧ್ರದ ಮೂಲಕ ನೋಡಲು ಇದನ್ನು ಬಳಸುತ್ತಾರೆ. ಪಿತ್ತಕೋಶದ ಕಲ್ಲಿಗೆ ಮಾಡುವ ಲ್ಯಾಪರೋಸ್ಕೋಪಿ ಶಸ್ತ್ರಕ್ರಿಯೆ ಇದರಿಂದಲೇ ನಡೆಯುತ್ತದೆ. ಎರಡನೆಯದು ಹಾವಿನಂತೆ ಬಾಗುವ ಕೊಳವೆ. ಅನ್ನನಾಳ, ಜಠರ, ಕರುಳು ಮತ್ತು ಶ್ವಾಸನಾಳಗಳನ್ನು ನೋಡಲು ಇದು ಬೇಕು.

ಜಠರವನ್ನು ನೋಡುವ ಸಾಮಾನ್ಯ ಎಂಡೋಸ್ಕೋಪಿನ ದಪ್ಪ ಸುಮಾರು 9ರಿಂದ 10 ಮಿಲಿಮೀಟರ್, ಅಂದರೆ ಹೆಚ್ಚುಕಡಿಮೆ ಕೈಯ ಕಿರುಬೆರಳಿನಷ್ಟು. ಒಳಗೆ ಹೋಗುವ ಭಾಗದ ಉದ್ದ ಸುಮಾರು ಒಂದು ಮೀಟರ್. ಇಷ್ಟು ಸಣ್ಣ ಕೊಳವೆಯೊಳಗೆ ಈ ಕೆಳಗಿನ ಭಾಗಗಳು ಅಡಗಿವೆ:

1. ಬೆಳಕನ್ನು ಒಳಗೆ ಒಯ್ಯುವ ಗಾಜಿನ ಎಳೆಗಳ ಕಟ್ಟು.
2. ತುದಿಯಲ್ಲಿ ಮಸೂರ ಮತ್ತು ಅದರ ಹಿಂದೆ ಚಿತ್ರವನ್ನು ವಿದ್ಯುತ್ ಸಂಕೇತವಾಗಿ ಬದಲಿಸುವ ಚಿಕ್ಕ ಚಿಪ್ಪು. ಮೊಬೈಲ್ ಫೋನಿನ ಕ್ಯಾಮೆರಾದಲ್ಲಿರುವುದೂ ಇದೇ ಜಾತಿಯ ಚಿಪ್ಪು.
3. ತುದಿಯನ್ನು ಮೇಲೆ, ಕೆಳಗೆ, ಎಡಕ್ಕೆ, ಬಲಕ್ಕೆ ಬಾಗಿಸುವ ತಂತಿಗಳು. ವೈದ್ಯರು ಹಿಡಿಯಲ್ಲಿರುವ ಚಕ್ರಗಳನ್ನು ತಿರುಗಿಸಿದಂತೆ ಈ ತಂತಿಗಳು ಎಳೆಯಲ್ಪಡುತ್ತವೆ.
4. ಗಾಳಿ ತುಂಬಲು ಮತ್ತು ಮಸೂರವನ್ನು ತೊಳೆಯಲು ಕಿರುನಾಳಗಳು.
5. ಚಿಮಟದಂತಹ ಉಪಕರಣಗಳನ್ನು ತೂರಿಸಲು ಸುಮಾರು 3 ಮಿಲಿಮೀಟರ್ ಅಗಲದ ಇನ್ನೊಂದು ನಾಳ.

ಗಾಜಿನ ಎಳೆಯಲ್ಲಿ ಬೆಳಕು ಬಾಗಿ ಹೋಗುವುದು ಹೇಗೆ ಎಂಬ ಪ್ರಶ್ನೆ ಸಹಜ. ತೊಟ್ಟಿಯ ತೂತಿನಿಂದ ನೀರು ಬಾಗಿ ಧುಮುಕುವಾಗ ಹಿಂದಿನಿಂದ ದೀಪ ಹಿಡಿದರೆ, ಬೆಳಕು ನೀರಿನ ಧಾರೆಯ ಜೊತೆಗೇ ಬಾಗಿ ಕೆಳಗೆ ಇಳಿಯುತ್ತದೆ. ಜಿನೀವಾದ ವಿಜ್ಞಾನಿ ಕೊಲಾಡಾನ್ 1840ರ ದಶಕದ ಆರಂಭದಲ್ಲಿಯೇ ಇದನ್ನು ತೋರಿಸಿದ್ದರು. ಧಾರೆಯ ಒಳಗೋಡೆಗೆ ಓರೆಯಾಗಿ ತಾಗಿದ ಬೆಳಕು ಹೊರಗೆ ಹೋಗದೆ ಮತ್ತೆ ಮತ್ತೆ ಒಳಕ್ಕೇ ಪುಟಿಯುತ್ತದೆ. ಇದಕ್ಕೆ ಪೂರ್ಣ ಆಂತರಿಕ ಪ್ರತಿಫಲನ ಎಂದು ಹೆಸರು. ಗಾಜಿನ ಎಳೆಯಲ್ಲಿ ನಡೆಯುವುದೂ ಇದೇ.

ಬೆಳೆದು ಬಂದ ಬಗೆ

ದೇಹದೊಳಗೆ ನೋಡುವ ಪ್ರಯತ್ನ ಹೊಸದಲ್ಲ. ಜರ್ಮನಿಯ ಫಿಲಿಪ್ ಬೊಝಿನಿ 1806ರ ಸುಮಾರಿಗೆ ಮೇಣದ ಬತ್ತಿ ಮತ್ತು ಕನ್ನಡಿಯ ಸಾಧನವೊಂದನ್ನು ಮಾಡಿದರು. 1868ರಲ್ಲಿ ಅದೇ ದೇಶದ ಕುಸ್‌ಮೌಲ್ ಎಂಬ ವೈದ್ಯರು ಕತ್ತಿ ನುಂಗುವ ಪ್ರದರ್ಶನಗಾರನೊಬ್ಬನ ಗಂಟಲಿನ ಮೂಲಕ ನೇರ ಕೊಳವೆಯನ್ನು ಜಠರದವರೆಗೆ ಇಳಿಸಿದರು. ಬೆಳಕು ಸಾಲದ್ದರಿಂದ ಹೆಚ್ಚೇನೂ ಕಾಣಲಿಲ್ಲ.

1950ರಲ್ಲಿ ಜಪಾನಿನ ಒಲಿಂಪಸ್ ಕಂಪನಿಯ ಎಂಜಿನಿಯರರು ಟೋಕಿಯೋ ವಿಶ್ವವಿದ್ಯಾಲಯದ ವೈದ್ಯ ತತ್ಸುರೊ ಉಜಿ ಅವರ ಜೊತೆಗೂಡಿ ಜಠರಕ್ಕೆ ಇಳಿಸುವ ಪುಟ್ಟ ಕ್ಯಾಮೆರಾ ರೂಪಿಸಿದರು. ಕೊಳವೆಯ ತುದಿಯಲ್ಲಿ ಬಲ್ಬು ಮತ್ತು ಫಿಲಂ ಇದ್ದವು. ಒಳಗೆ ಏನಿದೆ ಎಂದು ಆ ಕ್ಷಣದಲ್ಲಿ ಕಾಣುತ್ತಿರಲಿಲ್ಲ. ಫಿಲಂ ತೊಳೆದ ಮೇಲೆಯೇ ತಿಳಿಯುತ್ತಿತ್ತು.

ಈ ಕೊರತೆಯನ್ನು ನೀಗಿದ್ದು ಗಾಜಿನ ಎಳೆ. ಇದರಲ್ಲಿ ಭಾರತೀಯರೊಬ್ಬರ ಪಾಲು ದೊಡ್ಡದು. ಪಂಜಾಬಿನ ಮೋಗಾದಲ್ಲಿ ಹುಟ್ಟಿದ ನರಿಂದರ್ ಸಿಂಗ್ ಕಪಾನಿ ಅವರು ಲಂಡನ್ನಿನಲ್ಲಿ ಹೆರಾಲ್ಡ್ ಹಾಪ್ಕಿನ್ಸ್ ಅವರ ಜೊತೆ ಸಂಶೋಧನೆ ನಡೆಸಿ, ಎಳೆಗಳ ಕಟ್ಟಿನ ಮೂಲಕ ಚಿತ್ರವನ್ನು ಸಾಗಿಸಬಹುದೆಂದು 1954ರಲ್ಲಿ ಪ್ರಕಟಿಸಿದರು. 1957ರಲ್ಲಿ ಅಮೆರಿಕದ ಮಿಷಿಗನ್ ವಿಶ್ವವಿದ್ಯಾಲಯದ ಬೇಸಿಲ್ ಹಿರ್ಷೋವಿಟ್ಜ್ ಅವರು ಬಾಗುವ ಎಂಡೋಸ್ಕೋಪನ್ನು ಮೊದಲು ತಾವೇ ನುಂಗಿ ಪರೀಕ್ಷಿಸಿ, ಅನಂತರ ರೋಗಿಗೆ ಬಳಸಿದರು. 1983ರಲ್ಲಿ ಅಮೆರಿಕದ ವೆಲ್ಚ್ ಆಲಿನ್ ಕಂಪನಿ ತುದಿಯಲ್ಲಿಯೇ ಚಿಪ್ಪು ಕೂರಿಸಿದ ವಿಡಿಯೋ ಎಂಡೋಸ್ಕೋಪ್ ತಂದಿತು. ಅಂದಿನಿಂದ ವೈದ್ಯರು, ದಾದಿಯರು, ವಿದ್ಯಾರ್ಥಿಗಳು ಎಲ್ಲರೂ ಒಂದೇ ಪರದೆಯ ಮೇಲೆ ಒಳಭಾಗವನ್ನು ನೋಡುವಂತಾಯಿತು.

ತಯಾರಿಸುವ ಕಂಪನಿಗಳು

ಬಾಗುವ ಎಂಡೋಸ್ಕೋಪ್‌ಗಳ ಜಗತ್ತಿನ ಮಾರುಕಟ್ಟೆ ಬಹುಮಟ್ಟಿಗೆ ಜಪಾನಿನ ಮೂರು ಕಂಪನಿಗಳ ಕೈಯಲ್ಲಿದೆ: ಒಲಿಂಪಸ್, ಫ್ಯೂಜಿಫಿಲ್ಮ್ ಮತ್ತು ಪೆಂಟಾಕ್ಸ್. ಮೂರೂ ಮಸೂರ, ಫಿಲಂ, ಕ್ಯಾಮೆರಾಗಳಿಂದ ಬೆಳೆದವು. ಒಲಿಂಪಸ್ 1919ರಲ್ಲಿ ಸೂಕ್ಷ್ಮದರ್ಶಕ ಮತ್ತು ಉಷ್ಣಮಾಪಕಗಳನ್ನು ತಯಾರಿಸಲು ಹುಟ್ಟಿದ ಸಂಸ್ಥೆ. ಕ್ಯಾಮೆರಾ ವ್ಯವಹಾರವನ್ನು 2021ರ ಆರಂಭದಲ್ಲಿ ಬಿಟ್ಟಿತು, ಸೂಕ್ಷ್ಮದರ್ಶಕದ ವಿಭಾಗವನ್ನು 2023ರಲ್ಲಿ ಮಾರಿತು. ಇಂದು ಅದರ ಮುಖ್ಯ ಬೆಳೆ ಎಂಡೋಸ್ಕೋಪೇ.

ನೇರ ಕೊಳವೆಯ ಸಾಧನಗಳಿಗೆ ಜರ್ಮನಿ ಹೆಸರುವಾಸಿ. ಅಲ್ಲಿನ ಟುಟ್ಲಿಂಗೆನ್ ಎಂಬ ಚಿಕ್ಕ ಪಟ್ಟಣದಲ್ಲಿ 1945ರಲ್ಲಿ ಕಾರ್ಲ್ ಸ್ಟೋರ್ಜ್ ಕಂಪನಿ ಆರಂಭವಾಯಿತು. ಹಾಪ್ಕಿನ್ಸ್ ಅವರು ಕಂಡುಹಿಡಿದ ಗಾಜಿನ ಕಡ್ಡಿಗಳ ಮಸೂರ ಪದ್ಧತಿಯನ್ನು 1960ರ ದಶಕದಲ್ಲಿ ಕೈಗೆತ್ತಿಕೊಂಡು ಅದು ಬೆಳೆಯಿತು. ರಿಚರ್ಡ್ ವುಲ್ಫ್ ಅದೇ ದೇಶದ ಇನ್ನೊಂದು ಹಳೆಯ ಸಂಸ್ಥೆ. ಟುಟ್ಲಿಂಗೆನ್ನಿನಲ್ಲಿ 1867ರಿಂದಲೂ ಶಸ್ತ್ರಕ್ರಿಯೆಯ ಉಪಕರಣಗಳ ಕಾರ್ಖಾನೆ ಇದೆ; ಸುತ್ತಮುತ್ತ ನೂರಾರು ಸಣ್ಣ ತಯಾರಕರಿದ್ದಾರೆ. ದೊಡ್ಡಬಳ್ಳಾಪುರದಲ್ಲಿ ಮಗ್ಗದ ಕೆಲಸ ಹೇಗೆ ಮನೆಯಿಂದ ಮನೆಗೆ ಹಬ್ಬಿತೋ ಹಾಗೆಯೇ ಅಲ್ಲಿ ಉಕ್ಕು ಮತ್ತು ಗಾಜಿನ ಕೈಚಳಕ ಹಬ್ಬಿದೆ. ಇಂತಹ ಕಸುಬು ಒಂದು ತಲೆಮಾರಿನಲ್ಲಿ ಬರುವುದಿಲ್ಲ.

ಇವಲ್ಲದೆ ಒಮ್ಮೆ ಬಳಸಿ ಬಿಸಾಡುವ ಎಂಡೋಸ್ಕೋಪ್‌ಗಳನ್ನು ಡೆನ್ಮಾರ್ಕಿನ ಆಂಬು, ಒಳಗೆ ತೂರಿಸುವ ಚಿಮಟ ಮೊದಲಾದ ಉಪಕರಣಗಳನ್ನು ಅಮೆರಿಕದ ಬೋಸ್ಟನ್ ಸೈಂಟಿಫಿಕ್ ತಯಾರಿಸುತ್ತವೆ. ಇಸ್ರೇಲಿನ ಗಿವನ್ ಇಮೇಜಿಂಗ್ ಸಂಸ್ಥೆ 2001ರಲ್ಲಿ ನುಂಗುವ ಗುಳಿಗೆಯ ಆಕಾರದ ಕ್ಯಾಮೆರಾವನ್ನು ಮಾರುಕಟ್ಟೆಗೆ ತಂದಿತು. ಅದು ಸಣ್ಣ ಕರುಳಿನಲ್ಲಿ ಸಾಗುತ್ತಾ ಸಾವಿರಾರು ಚಿತ್ರಗಳನ್ನು ಕಳುಹಿಸಿ ಮಲದೊಡನೆ ಹೊರಬರುತ್ತದೆ. ಈ ವ್ಯವಹಾರ ಈಗ ಮೆಡ್‌ಟ್ರಾನಿಕ್ ಕಂಪನಿಯದು.

ಭಾರತದ ಆಸ್ಪತ್ರೆಗಳಲ್ಲಿರುವ ಎಂಡೋಸ್ಕೋಪ್‌ಗಳಲ್ಲಿ ಬಹುಪಾಲು ಆಮದಾದವು. ಆದುದರಿಂದ ಬೆಲೆಯೂ ಹೆಚ್ಚು, ದುರಸ್ತಿಯೂ ದುಬಾರಿ. ಟ್ರ್ಯಾಕ್ಟರ್ ಕೊಳ್ಳುವಾಗ ಹತ್ತಿರದಲ್ಲಿ ಬಿಡಿಭಾಗ ಸಿಗುತ್ತದೆಯೇ, ಮೆಕ್ಯಾನಿಕ್ ಬರುತ್ತಾನೆಯೇ ಎಂದು ರೈತ ಮೊದಲು ವಿಚಾರಿಸುತ್ತಾನೆ. ಎಂಡೋಸ್ಕೋಪಿಗೂ ಇದೇ ಲೆಕ್ಕ. ಒಳನಾಳ ಹರಿದರೆ ನೀರು ನುಗ್ಗಿ ಚಿಪ್ಪು ಕೆಡುತ್ತದೆ. ಕಂಪನಿಗಳ ನಿಜವಾದ ಬಲ ಯಂತ್ರದಲ್ಲಿ ಮಾತ್ರವಲ್ಲ, ದುರಸ್ತಿ ಮತ್ತು ತರಬೇತಿಯ ವ್ಯವಸ್ಥೆಯಲ್ಲಿಯೂ ಇದೆ. ಸಂಘ ಸಂಸ್ಥೆಗಳು ತಾಲ್ಲೂಕು ಆಸ್ಪತ್ರೆಗೆ ಇಂತಹ ಯಂತ್ರವನ್ನು ದಾನವಾಗಿ ಕೊಡಲು ಮುಂದಾದಾಗ ದುರಸ್ತಿ ಒಪ್ಪಂದ, ತೊಳೆಯುವ ವ್ಯವಸ್ಥೆ ಮತ್ತು ತರಬೇತಿ ಪಡೆದ ಸಿಬ್ಬಂದಿ ಈ ಮೂರನ್ನೂ ಮೊದಲು ಖಚಿತಪಡಿಸಿಕೊಳ್ಳಬೇಕು. ಇಲ್ಲವಾದರೆ ಯಂತ್ರ ಬೀರುವಿನಲ್ಲಿ ಉಳಿಯುತ್ತದೆ.

ಕೈಗಾರಿಕೆಯಲ್ಲಿಯೂ ಈ ಸಾಧನದ ಸಹೋದರನಿದೆ. ಅದಕ್ಕೆ ಬೋರ್‌ಸ್ಕೋಪ್ ಎನ್ನುತ್ತಾರೆ. ವಿಮಾನದ ಎಂಜಿನ್ನಿನ ಅಲಗು, ಬಾಯ್ಲರಿನ ಕೊಳವೆ, ಬೆಸುಗೆಯ ಒಳಭಾಗ ಇವನ್ನು ಬಿಚ್ಚದೆ ಪರೀಕ್ಷಿಸಲು ಇದು ಬೇಕು. ಐ.ಟಿ.ಐ. ಓದಿ ಕಾರ್ಖಾನೆಗೆ ಹೋಗುವ ಯುವಕ ಯುವತಿಯರು ಇದನ್ನು ಬಳಸಲು, ದುರಸ್ತಿ ಮಾಡಲು ಕಲಿತರೆ ಆಸ್ಪತ್ರೆಯ ಉಪಕರಣಗಳ ಕ್ಷೇತ್ರಕ್ಕೂ ದಾರಿಯಾಗುತ್ತದೆ.

ಜಠರದ ಪರೀಕ್ಷೆ ಯಾವಾಗ ಅಗತ್ಯ?

ನಮ್ಮ ಹಳ್ಳಿಗಳಲ್ಲಿ ಎದೆ ಉರಿ, ಹೊಟ್ಟೆ ನೋವು, ಹುಳಿ ತೇಗು ಎಲ್ಲಕ್ಕೂ ‘ಗ್ಯಾಸ್ಟ್ರಿಕ್’ ಎಂಬ ಒಂದೇ ಹೆಸರು. ಅಂಗಡಿಯಿಂದ ಗುಳಿಗೆ ತಂದು ನುಂಗಿ ತಿಂಗಳುಗಟ್ಟಲೆ ಕಳೆಯುವವರು ಬಹಳ ಮಂದಿ. ಹೆಚ್ಚಿನವರಿಗೆ ಇದರಿಂದ ದೊಡ್ಡ ಅಪಾಯವಿಲ್ಲ. ಎದೆ ಉರಿ ಬಂದ ಎಲ್ಲರಿಗೂ ಎಂಡೋಸ್ಕೋಪಿ ಬೇಕಾಗಿಯೂ ಇಲ್ಲ. ಆದರೆ ಅದೇ ಗುಳಿಗೆ ಹುಣ್ಣಿನ ನೋವನ್ನೂ, ಕೆಲವೊಮ್ಮೆ ಕ್ಯಾನ್ಸರಿನ ಮೊದಲ ಲಕ್ಷಣವನ್ನೂ ಮುಚ್ಚಿಡಬಲ್ಲದು. ಬೆಳೆಗೆ ಬಿದ್ದ ರೋಗ ಯಾವುದೆಂದು ತಿಳಿಯದೆ ಔಷಧಿ ಸಿಂಪಡಿಸುತ್ತಾ ಹೋದರೆ ಆಗುವ ನಷ್ಟವನ್ನು ರೈತರು ಬಲ್ಲರು. ಇಲ್ಲಿ ನಷ್ಟವಾಗುವುದು ಕಾಲ; ಅದನ್ನು ಮತ್ತೆ ಕೊಳ್ಳಲಾಗದು.

ಈ ಕೆಳಗಿನ ಲಕ್ಷಣಗಳಲ್ಲಿ ಯಾವುದೇ ಒಂದು ಕಂಡರೂ ಗುಳಿಗೆಯನ್ನು ನಂಬಿ ಕೂರದೆ ವೈದ್ಯರ ಬಳಿಗೆ ಹೋಗಬೇಕು:

1. ಮುದ್ದೆ, ಅನ್ನ ಅಥವಾ ನೀರು ನುಂಗುವಾಗ ಎದೆಯಲ್ಲಿ ಸಿಕ್ಕಿದಂತಾಗುವುದು.
2. ರಕ್ತ ವಾಂತಿ, ಅಥವಾ ಡಾಂಬರಿನಂತೆ ಕಪ್ಪಾಗಿ ಅಂಟುವ ಮಲ. ಕಬ್ಬಿಣದ ಮಾತ್ರೆಯಿಂದಲೂ ಮಲ ಕಪ್ಪಾಗುವುದುಂಟು. ಅದನ್ನು ನುಂಗುತ್ತಿದ್ದರೆ ವೈದ್ಯರಿಗೆ ತಿಳಿಸಬೇಕು.
3. ಕಾರಣವಿಲ್ಲದೆ ತೂಕ ಇಳಿಯುವುದು, ಊಟ ಸೇರದಿರುವುದು.
4. ಮತ್ತೆ ಮತ್ತೆ ವಾಂತಿಯಾಗುವುದು.
5. ರಕ್ತಹೀನತೆ, ಅದರಲ್ಲಿಯೂ ಗಂಡಸರು ಮತ್ತು ಮುಟ್ಟು ನಿಂತ ಹೆಂಗಸರಲ್ಲಿ.
6. 50 ದಾಟಿದವರಲ್ಲಿ ಹೊಸದಾಗಿ ಶುರುವಾಗಿ ಬಿಡದೆ ಕಾಡುವ ಅಜೀರ್ಣ.

ರಕ್ತ ವಾಂತಿ ಮತ್ತು ಕಪ್ಪು ಮಲ ಕಂಡರೆ ಅದೇ ದಿನ ಆಸ್ಪತ್ರೆ ಸೇರಬೇಕು. ಮಾರನೆಯ ದಿನದ ಸಂತೆಗೆ ಕಾಯಬಾರದು. ಇನ್ನೆರಡು ತುರ್ತು ಸಂದರ್ಭಗಳಿವೆ. ಮಕ್ಕಳು ಆಟಿಕೆ ಅಥವಾ ರಿಮೋಟಿನ ಗುಂಡಿಯಾಕಾರದ ಬ್ಯಾಟರಿ ನುಂಗಿ ಅದು ಅನ್ನನಾಳದಲ್ಲಿ ಸಿಕ್ಕಿಕೊಂಡರೆ ಎರಡು ಗಂಟೆಯೊಳಗೇ ಅಂಗಾಂಶ ಸುಡಲು ತೊಡಗುತ್ತದೆ. ಆಸಿಡ್ ಅಥವಾ ಶೌಚಾಲಯ ತೊಳೆಯುವ ದ್ರವ ಕುಡಿದವರಿಗೆ ಯಾವ ಕಾರಣಕ್ಕೂ ವಾಂತಿ ಮಾಡಿಸಬಾರದು. ಇಬ್ಬರನ್ನೂ ಕೂಡಲೇ ಎಂಡೋಸ್ಕೋಪಿ ಸೌಲಭ್ಯವಿರುವ ದೊಡ್ಡ ಆಸ್ಪತ್ರೆಗೆ ಒಯ್ಯಬೇಕು.

ಹುಣ್ಣಿಗೆ ಖಾರವೇ ಕಾರಣ, ಚಿಂತೆಯೇ ಕಾರಣ ಎಂದು ಬಹುಕಾಲ ನಂಬಲಾಗಿತ್ತು. 1980ರ ದಶಕದ ಆರಂಭದಲ್ಲಿ ಆಸ್ಟ್ರೇಲಿಯಾದ ಪರ್ತ್ ನಗರದ ರಾಬಿನ್ ವಾರನ್ ಮತ್ತು ಬ್ಯಾರಿ ಮಾರ್ಷಲ್ ಅವರು ಎಂಡೋಸ್ಕೋಪಿನ ಮೂಲಕ ತೆಗೆದ ಜಠರದ ಚೂರುಗಳನ್ನು ಪರೀಕ್ಷಿಸಿ, ಹೆಲಿಕೋಬ್ಯಾಕ್ಟರ್ ಪೈಲೋರಿ ಎಂಬ ಬ್ಯಾಕ್ಟೀರಿಯವೇ ಬಹುಪಾಲು ಹುಣ್ಣುಗಳಿಗೆ ಮೂಲ ಎಂದು ತೋರಿಸಿದರು. ಇದಕ್ಕಾಗಿ ಅವರಿಗೆ 2005ರಲ್ಲಿ ನೊಬೆಲ್ ಬಹುಮಾನ ದೊರೆಯಿತು. ಇನ್ನೊಂದು ಮುಖ್ಯ ಕಾರಣ ನೋವಿನ ಮಾತ್ರೆ. ನಾಟಿ, ಕಳೆ, ಕಟಾವಿನ ದಿನಗಳಲ್ಲಿ ಮೈಕೈ ನೋವಿಗೆ ಬರಿ ಹೊಟ್ಟೆಯಲ್ಲಿ ಮಾತ್ರೆ ನುಂಗುವ ಅಭ್ಯಾಸವನ್ನು ಬಿಡಬೇಕು.

ಬ್ಯಾಕ್ಟೀರಿಯದ ಹುಣ್ಣು ಔಷಧಿಯಿಂದ ಪೂರ್ಣ ವಾಸಿಯಾಗುತ್ತದೆ. ಆದರೆ ವೈದ್ಯರು ಹೇಳಿದಷ್ಟು ದಿನ ಬಿಡದೆ ನುಂಗಬೇಕು. ನೋವು ನಿಂತಿತೆಂದು ಅರ್ಧಕ್ಕೆ ಬಿಟ್ಟರೆ ರೋಗಾಣು ಉಳಿದು ಔಷಧಿಗೆ ಬಗ್ಗದಂತಾಗುತ್ತದೆ.

ಪರೀಕ್ಷೆಗೆ ಹೋಗುವಾಗ

ಜಠರದ ಎಂಡೋಸ್ಕೋಪಿಗೆ ಸಾಮಾನ್ಯವಾಗಿ 6ರಿಂದ 8 ಗಂಟೆ ಬರಿ ಹೊಟ್ಟೆಯಲ್ಲಿರಬೇಕು. ಗಂಟಲಿಗೆ ಮರವು ಬರಿಸುವ ಔಷಧಿ ಸಿಂಪಡಿಸುತ್ತಾರೆ. ಅಗತ್ಯವಿದ್ದರೆ ಮಂಪರು ಬರುವ ಚುಚ್ಚುಮದ್ದು ಕೊಡುತ್ತಾರೆ. ಕೊಳವೆ ಹೋಗುವುದು ಅನ್ನನಾಳಕ್ಕೆ, ಶ್ವಾಸನಾಳಕ್ಕಲ್ಲ. ಆದ್ದರಿಂದ ಉಸಿರು ಕಟ್ಟುವುದಿಲ್ಲ. ನಿಧಾನವಾಗಿ ಉಸಿರಾಡುತ್ತಾ ಇದ್ದರೆ ವಾಕರಿಕೆಯೂ ಕಡಿಮೆ. ಬರಿಯ ನೋಡುವ ಕೆಲಸ ಹೆಚ್ಚಾಗಿ 10 ನಿಮಿಷದೊಳಗೆ ಮುಗಿಯುತ್ತದೆ. ಗಂಟಲಿನ ಮರವು ಹೋಗುವವರೆಗೆ ಏನನ್ನೂ ತಿನ್ನಬಾರದು, ಕುಡಿಯಬಾರದು. ಚುಚ್ಚುಮದ್ದು ಪಡೆದವರು ಆ ದಿನ ಬೈಕು ಅಥವಾ ಟ್ರ್ಯಾಕ್ಟರ್ ಓಡಿಸಬಾರದು, ಮನೆಯವರೊಬ್ಬರು ಜೊತೆಗಿರಬೇಕು.

ರಕ್ತ ತೆಳುವಾಗಿಸುವ ಮಾತ್ರೆ, ಸಕ್ಕರೆ ಕಾಯಿಲೆಯ ಔಷಧಿ ಮತ್ತು ಈಗಾಗಲೇ ನುಂಗುತ್ತಿರುವ ಗ್ಯಾಸ್ಟ್ರಿಕ್ ಗುಳಿಗೆ ಇವುಗಳ ಚೀಟಿಯನ್ನು ಮುಂಚೆಯೇ ವೈದ್ಯರಿಗೆ ತೋರಿಸಬೇಕು. ಆಮ್ಲ ತಗ್ಗಿಸುವ ಗುಳಿಗೆ ನುಂಗುತ್ತಿದ್ದರೆ ಬ್ಯಾಕ್ಟೀರಿಯ ಇದ್ದರೂ ಪರೀಕ್ಷೆಯಲ್ಲಿ ಕಾಣದೆ ಹೋಗಬಹುದು.

ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಎಂಬ ಗಾದೆ ಇಲ್ಲಿಗೆ ಬಹಳ ಸರಿ. ಕಣ್ಣಿಗೆ ಹುಣ್ಣಿನಂತೆ ಕಂಡದ್ದು ಕ್ಯಾನ್ಸರ್ ಇರಬಹುದು, ಕ್ಯಾನ್ಸರಿನಂತೆ ಕಂಡದ್ದು ಬರಿಯ ಹುಣ್ಣಿರಬಹುದು. ಆದುದರಿಂದ ಸಂಶಯ ಬಂದ ಕಡೆ ಚಿಮಟದಿಂದ ಸಾಸಿವೆಯಷ್ಟು ಚೂರು ತೆಗೆದು ಪ್ರಯೋಗಾಲಯಕ್ಕೆ ಕಳುಹಿಸುತ್ತಾರೆ. ಇದಕ್ಕೆ ಬಯಾಪ್ಸಿ ಎಂದು ಹೆಸರು. ಚೂರು ತೆಗೆದ ಮಾತ್ರಕ್ಕೆ ಕ್ಯಾನ್ಸರ್ ಇದೆ ಎಂದು ಅರ್ಥವಲ್ಲ. ತೆಗೆದರೆ ರೋಗ ಹರಡುತ್ತದೆ ಎಂಬ ಭಯಕ್ಕೂ ಆಧಾರವಿಲ್ಲ. ವರದಿ ಬಂದ ಮೇಲೆ ಹೋಗಿ ತರುವುದನ್ನು ಮಾತ್ರ ಮರೆಯಬಾರದು. ಮಣ್ಣಿನ ಮಾದರಿ ಕೊಟ್ಟು ಫಲಿತಾಂಶದ ಚೀಟಿ ಒಯ್ಯದ ರೈತನಂತೆ ಆಗಬಾರದು.

ಶುಚಿತ್ವವೇ ಜೀವಾಳ

ಹಾಲಿನ ಕ್ಯಾನನ್ನು ಉಜ್ಜದೆ ಬರಿ ಬಿಸಿನೀರು ಸುರಿದರೆ ಏನಾಗುತ್ತದೆ ಎಂಬುದು ಹೈನುಗಾರರಿಗೆ ಗೊತ್ತು. ಒಣಗಿದ ಹಾಲಿನ ಪದರದ ಅಡಿಯಲ್ಲಿ ಸೂಕ್ಷ್ಮಾಣುಗಳು ಉಳಿದು ಮರುದಿನದ ಹಾಲು ಕೆಡುತ್ತದೆ. ಎಂಡೋಸ್ಕೋಪಿನ ಕಿರುನಾಳಗಳಲ್ಲಿಯೂ ಹೀಗೆಯೇ. ಬಾಗುವ ಎಂಡೋಸ್ಕೋಪನ್ನು ಸಾಮಾನ್ಯವಾಗಿ ಕುದಿಸಲಾಗದು. ಆದ್ದರಿಂದ ಪ್ರತಿ ರೋಗಿಯ ನಂತರ ಈ ಕ್ರಮಗಳನ್ನು ಒಂದೂ ಬಿಡದೆ ಅನುಸರಿಸಬೇಕು:

1. ಹೊರತೆಗೆದ ಕೂಡಲೇ ಹೊರಮೈ ಒರೆಸಿ ನಾಳಗಳಲ್ಲಿ ನೀರು ಹಾಯಿಸುವುದು.
2. ಸೋರಿಕೆ ಪರೀಕ್ಷೆ.
3. ಮಾರ್ಜಕದಲ್ಲಿ ಮುಳುಗಿಸಿ ಪ್ರತಿ ನಾಳವನ್ನೂ ಬ್ರಷ್ಷಿನಿಂದ ಉಜ್ಜುವುದು.
4. ಗ್ಲುಟರಾಲ್ಡಿಹೈಡ್‌ನಂತಹ ಸೋಂಕು ನಿವಾರಕದಲ್ಲಿ ನಿಗದಿತ ಕಾಲ ಮುಳುಗಿಸುವುದು. ಗ್ಲುಟರಾಲ್ಡಿಹೈಡ್ ಆದರೆ ಸಾಮಾನ್ಯವಾಗಿ 20 ನಿಮಿಷ.
5. ಶುದ್ಧ ನೀರಿನಲ್ಲಿ ಜಾಲಾಡಿ, ನಾಳಗಳನ್ನು ಒಣಗಿಸಿ, ತೂಗು ಹಾಕುವುದು.

ಚೂರು ತೆಗೆಯುವ ಚಿಮಟ ಕ್ರಿಮಿಶುದ್ಧವಾಗಿರಬೇಕು ಅಥವಾ ಒಮ್ಮೆ ಬಳಸಿ ಬಿಸಾಡುವಂತಿರಬೇಕು.

ಇದರಲ್ಲಿ ಕಂಪನಿಗಳ ಹೊಣೆಯೂ ಇದೆ. ಪಿತ್ತನಾಳದ ಚಿಕಿತ್ಸೆಗೆ ಬಳಸುವ ವಿಶೇಷ ಎಂಡೋಸ್ಕೋಪಿನ ತುದಿಯಲ್ಲಿ ಚಿಮಟವನ್ನು ಎತ್ತುವ ಪುಟ್ಟ ಸನ್ನೆ ಇರುತ್ತದೆ. ಅದರ ಸಂದಿಯನ್ನು ತೊಳೆಯುವುದು ಕಷ್ಟ. 2015ರಲ್ಲಿ ಅಮೆರಿಕದ ಲಾಸ್ ಏಂಜಲೀಸ್‌ನ ಆಸ್ಪತ್ರೆಯೊಂದರಲ್ಲಿ ಇಂತಹ ಸಾಧನಗಳಿಂದ ಔಷಧಿಗೆ ಬಗ್ಗದ ಸೋಂಕು ಹರಡಿ ಸಾವುಗಳೂ ಆದವು. ಈ ಜಾತಿಯ ಎಂಡೋಸ್ಕೋಪ್‌ಗಳಿಂದಾದ ಸೋಂಕುಗಳ ಬಗ್ಗೆ ಸರ್ಕಾರಕ್ಕೆ ಸಲ್ಲಿಸಬೇಕಾಗಿದ್ದ ವರದಿಗಳನ್ನು ಸಲ್ಲಿಸದ ಆರೋಪವನ್ನು ಒಲಿಂಪಸ್‌ನ ವೈದ್ಯಕೀಯ ಅಂಗಸಂಸ್ಥೆ 2018ರಲ್ಲಿ ಅಲ್ಲಿನ ನ್ಯಾಯಾಲಯದಲ್ಲಿ ಒಪ್ಪಿಕೊಂಡು, 8.5 ಕೋಟಿ ಡಾಲರ್ ತೆರಬೇಕಾಯಿತು. ದೊಡ್ಡ ಹೆಸರಿನ ಯಂತ್ರವೆಂದ ಮಾತ್ರಕ್ಕೆ ಶುಚಿಯೆಂದು ತಿಳಿಯಬಾರದು ಎಂಬುದೇ ಇದರ ಪಾಠ. ‘ಇದನ್ನು ಹೇಗೆ ತೊಳೆಯುತ್ತೀರಿ?’ ಎಂದು ಕೇಳುವ ಹಕ್ಕು ರೋಗಿಗೆ ಇದೆ. ಸರಿಯಾಗಿ ನಡೆಯುವ ಆಸ್ಪತ್ರೆಯವರು ಈ ಪ್ರಶ್ನೆಗೆ ಬೇಸರಿಸುವುದಿಲ್ಲ.

ಜಾನುವಾರುಗಳಲ್ಲಿ

ಮಾವಿನ ಓಟೆ, ಗೆಡ್ಡೆ ಮೊದಲಾದವು ದನದ ಅನ್ನನಾಳದಲ್ಲಿ ಸಿಕ್ಕಿದಾಗ ಎಲ್ಲಿ, ಏನು ಸಿಕ್ಕಿದೆ ಎಂದು ಎಂಡೋಸ್ಕೋಪ್ ತೋರಿಸುತ್ತದೆ. ಹಾಲು ಇಳಿಯದ ಮೊಲೆತೊಟ್ಟಿನೊಳಗೆ ಬೆಳೆದ ಗಂಟನ್ನು ನೋಡಲು ಸೂಜಿಯಂತಹ ಸಣ್ಣ ಎಂಡೋಸ್ಕೋಪ್‌ಗಳಿವೆ. ಕುರಿಗಳಲ್ಲಿ ಗರ್ಭಕೋಶದ ಕೊರಳು ಸುರುಳಿಯಂತೆ ಇರುವುದರಿಂದ ಹಸುವಿನಲ್ಲಿ ಮಾಡುವಂತೆ ವೀರ್ಯನಳಿಕೆಯನ್ನು ಒಳಗೆ ದಾಟಿಸುವುದು ಕಷ್ಟ. ಅದಕ್ಕಾಗಿ 1980ರ ದಶಕದ ಆರಂಭದಲ್ಲಿ ಆಸ್ಟ್ರೇಲಿಯಾದಲ್ಲಿ ಲ್ಯಾಪರೋಸ್ಕೋಪ್ ಮೂಲಕ ನೇರವಾಗಿ ಗರ್ಭಕೋಶದ ಕೊಂಬಿಗೆ ಘನೀಕೃತ ವೀರ್ಯ ಸೇರಿಸುವ ಪದ್ಧತಿ ಬಳಕೆಗೆ ಬಂತು. ಇದು ನುರಿತ ಪಶುವೈದ್ಯರ ಕೆಲಸ. ಉತ್ತಮ ತಳಿಯ ಟಗರಿನ ವೀರ್ಯ ಬಳಸುವಾಗ ಮಾತ್ರ ಖರ್ಚಿಗೆ ತಕ್ಕುದು.

ಆದರೆ ಮೊಳೆ, ತಂತಿ ನುಂಗಿದ ಹಸುವಿಗೆ ಎಂಡೋಸ್ಕೋಪಿನಿಂದ ಹೆಚ್ಚು ಪ್ರಯೋಜನವಿಲ್ಲ. ಹೊಟ್ಟೆ ತುಂಬ ಮೇವಿರುವುದರಿಂದ ಮೊಳೆ ಕಾಣುವುದಿಲ್ಲ. ಇಲ್ಲಿ ಲೋಹಶೋಧಕ, ಎಕ್ಸ್‌ರೇ, ಅಲ್ಟ್ರಾಸೌಂಡ್ ಉಪಯುಕ್ತ. ಹಾಲು ಥಟ್ಟನೆ ಇಳಿಯುವುದು, ಬೆನ್ನು ಬಾಗಿಸಿ ನಿಲ್ಲುವುದು, ಇಳಿಜಾರಿನಲ್ಲಿ ನಡೆಯಲು ಹಿಂಜರಿಯುವುದು, ಎದೆಯ ಮುಂಭಾಗದಲ್ಲಿ ಊತ ಇವು ಇದರ ಲಕ್ಷಣಗಳು. ಕಟ್ಟಡ ಕೆಲಸ ನಡೆಯುವ ಜಾಗಗಳ ಬಳಿ ದನ ಮೇಯಿಸುವವರು ಎಚ್ಚರ ವಹಿಸಬೇಕು. ಹೊಟ್ಟೆಯಲ್ಲಿ ಅಯಸ್ಕಾಂತ ಇರಿಸುವ ಬಗ್ಗೆ ಪಶುವೈದ್ಯರನ್ನು ಕೇಳಬಹುದು.

ಕೊಳವೆ ಬಾವಿಯಲ್ಲಿ

ಕೊಳವೆ ಬಾವಿಗೆ ಇಳಿಸುವ ಕ್ಯಾಮೆರಾ ರೂಪದಲ್ಲಿ ದೊಡ್ಡದಾದರೂ ಜಾತಿಯಲ್ಲಿ ಎಂಡೋಸ್ಕೋಪೇ. ನೀರು ಹೋಗದ ಕವಚ, ಸುತ್ತ ದೀಪ, ಉದ್ದದ ಕೇಬಲ್, ಆಳ ತೋರುವ ಮಾಪಕ ಮತ್ತು ಮೇಲೆ ಪರದೆ ಇದರ ಭಾಗಗಳು. ನಮ್ಮ ಭಾಗದ ಗ್ರಾನೈಟ್ ಮತ್ತು ನೈಸ್ ಬಂಡೆಗಳಲ್ಲಿ ನೀರು ಬಿರುಕುಗಳಲ್ಲಿ ಮಾತ್ರ ಇರುತ್ತದೆ. ಇದನ್ನೇ ನಾವು ಸೆಲೆ ಎನ್ನುತ್ತೇವೆ.

ಕ್ಯಾಮೆರಾ ತೋರಿಸುವುದು: ಕೇಸಿಂಗ್ ಪೈಪು ತೂತಾಗಿದೆಯೇ, ಅದರ ಬುಡದಿಂದ ಮಣ್ಣು ಕುಸಿಯುತ್ತಿದೆಯೇ, ಮೋಟಾರು ಅಥವಾ ಪೈಪು ಎಷ್ಟು ಅಡಿಯಲ್ಲಿ ಸಿಕ್ಕಿದೆ, ಯಾವ ಆಳದಲ್ಲಿ ಸೆಲೆಯಿಂದ ನೀರು ಜಿನುಗುತ್ತಿದೆ. ತೋರಿಸದಿರುವುದು: ನೀರಿನ ಪ್ರಮಾಣ, ಬಂಡೆಯ ಹಿಂದೇನಿದೆ, ಬಾವಿಯ ತಳದ ಕೆಳಗೆ ನೀರಿದೆಯೇ ಎಂಬುದು. ಪ್ರಮಾಣ ತಿಳಿಯಲು ಪಂಪು ಹಾಕಿ ಇಳುವರಿ ಪರೀಕ್ಷೆಯನ್ನೇ ಮಾಡಬೇಕು. ‘ಕ್ಯಾಮೆರಾ ಬಿಟ್ಟು ನೋಡಿದ್ದೇವೆ, ಇನ್ನೂ 300 ಅಡಿ ಕೊರೆದರೆ ನೀರು ಖಂಡಿತ’ ಎಂದು ಯಾರಾದರೂ ಹೇಳಿದರೆ ಅದು ಕ್ಯಾಮೆರಾದ ಮಾತಲ್ಲ, ಹೇಳುವವರ ಮಾತು.

ಬಳಸುವಾಗ ಮೋಟಾರು ಮೇಲೆತ್ತಿ, ಕಲಕಿದ ನೀರು ತಿಳಿಯಾಗುವವರೆಗೆ ಕಾಯಬೇಕು. ಆಳದ ಅಂಕಿ ಕಾಣುವಂತೆ ಚಿತ್ರೀಕರಿಸಿ ಪ್ರತಿಯನ್ನು ಪಡೆದುಕೊಳ್ಳಬೇಕು. ಕುಡಿಯುವ ನೀರಿನ ಬಾವಿಯಾದರೆ ಇಳಿಸುವ ಮುನ್ನ ಕ್ಯಾಮೆರಾ ಮತ್ತು ಕೇಬಲನ್ನು ಕ್ಲೋರಿನ್ ದ್ರಾವಣದಿಂದ ಒರೆಸಲು ಹೇಳಬೇಕು.

ಈ ಕ್ಯಾಮೆರಾ ಜೀವ ಉಳಿಸಲು ನೆರವಾದ ಸಂದರ್ಭವೂ ಇದೆ. 2024ರ ಏಪ್ರಿಲ್‌ನಲ್ಲಿ ವಿಜಯಪುರ ಜಿಲ್ಲೆಯ ಇಂಡಿ ತಾಲ್ಲೂಕಿನ ಲಚ್ಯಾಣದಲ್ಲಿ ಪುಟ್ಟ ಮಗುವೊಂದು ಹೊಸ ಕೊಳವೆ ಬಾವಿಗೆ ಬಿದ್ದಾಗ, ಒಳಗೆ ಇಳಿಸಿದ ಕ್ಯಾಮೆರಾದಲ್ಲಿ ಅದರ ಕಾಲಿನ ಚಲನೆ ಕಂಡಿತು. ಮಗು ಬದುಕಿದೆ ಎಂದು ತಿಳಿದು ಆಮ್ಲಜನಕ ಹಾಯಿಸುತ್ತಾ ಪಕ್ಕದಲ್ಲಿ ಅಗೆದು, ಸುಮಾರು 20 ಗಂಟೆಗಳ ನಂತರ ಜೀವಂತವಾಗಿ ಹೊರತೆಗೆಯಲಾಯಿತು. ಎಲ್ಲ ಮಕ್ಕಳಿಗೂ ಈ ಅದೃಷ್ಟ ದೊರೆತಿಲ್ಲ. ಕೈಬಿಟ್ಟ ಬಾವಿಯನ್ನು ನೆಲಮಟ್ಟದವರೆಗೆ ಮಣ್ಣು, ಮರಳು, ಕಲ್ಲುಗಳಿಂದ ತುಂಬಬೇಕು, ಕೇಸಿಂಗ್ ಬಾಯಿಗೆ ಉಕ್ಕಿನ ಮುಚ್ಚಳ ಹಾಕಬೇಕು ಎಂದು ಸುಪ್ರೀಂ ಕೋರ್ಟ್ 2010ರಲ್ಲಿಯೇ ನಿರ್ದೇಶಿಸಿದೆ. ಮುಚ್ಚಿದ ಬಾವಿಗೆ ಕ್ಯಾಮೆರಾ ಬೇಕಾಗುವುದಿಲ್ಲ.

ಖರ್ಚಿನ ನೆರವು

ಸಹಕಾರ ಸಂಘಗಳ ಸದಸ್ಯರಿಗಾಗಿ 2003ರಲ್ಲಿ ಜಾರಿಗೆ ಬಂದ ಯಶಸ್ವಿನಿ ಯೋಜನೆ 2018ರಲ್ಲಿ ನಿಂತು, 2023ರ ಜನವರಿಯಿಂದ ಮತ್ತೆ ಆರಂಭವಾಗಿದೆ. ಹಾಲು ಉತ್ಪಾದಕರ ಸಂಘದ ಸದಸ್ಯರು ತಮ್ಮ ಕಾರ್ಯದರ್ಶಿಯವರಲ್ಲಿ ನೋಂದಣಿಯ ಬಗ್ಗೆ ವಿಚಾರಿಸಬೇಕು. 2018ರಲ್ಲಿ ಬಂದ ಆಯುಷ್ಮಾನ್ ಭಾರತ್–ಆರೋಗ್ಯ ಕರ್ನಾಟಕ ಯೋಜನೆಯೂ ಇದೆ. ಇವು ಪಟ್ಟಿಯಲ್ಲಿರುವ ಚಿಕಿತ್ಸೆಗಳಿಗೆ ಅನ್ವಯಿಸುತ್ತವೆ. ಬರಿಯ ಎಂಡೋಸ್ಕೋಪಿ ಪರೀಕ್ಷೆಗೆ ನೆರವು ಸಿಗುತ್ತದೆಯೇ, ಯಾವ ಆಸ್ಪತ್ರೆಗೆ ಹೋಗಬೇಕು, ಸರ್ಕಾರಿ ಆಸ್ಪತ್ರೆಯ ಶಿಫಾರಸು ಪತ್ರ ಬೇಕೇ ಎಂಬುದನ್ನು ಮೊದಲೇ ಕೇಳಿ ತಿಳಿಯುವುದು ಲೇಸು.

ನೆನಪಿಡಬೇಕಾದ ಅಂಶಗಳು

1. ಎಚ್ಚರಿಕೆಯ ಲಕ್ಷಣ ಕಂಡಾಗ ಗುಳಿಗೆ ಬದಲಿಸುತ್ತಾ ಕಾಲ ಕಳೆಯಬೇಡಿ, ಒಳಗೆ ನೋಡಿಸಿ.
2. ನೋಡಿಸುವ ಮುನ್ನ ಸಾಧನದ ಶುಚಿತ್ವದ ಬಗ್ಗೆ ಕೇಳಿ. ನೋಡಿಸಿದ ಮೇಲೆ ಬಯಾಪ್ಸಿ ವರದಿ ತನ್ನಿ.
3. ಕೊಳವೆ ಬಾವಿಯ ಕ್ಯಾಮೆರಾ ಇರುವುದನ್ನು ತೋರಿಸುತ್ತದೆ, ಮುಂದಾಗುವುದನ್ನು ಹೇಳುವುದಿಲ್ಲ.
4. ದನ, ಕುರಿಗಳಿಗೆ ಯಾವ ಪರೀಕ್ಷೆ ತಕ್ಕುದು ಎಂಬುದನ್ನು ಪಶುವೈದ್ಯರೇ ನಿರ್ಧರಿಸಲಿ.

ವಿಸ್ತರಣಾ ಕಾರ್ಯಕರ್ತರು ಗ್ರಾಮಸಭೆ, ಹಾಲು ಸಂಘದ ಸಭೆ, ಸ್ತ್ರೀಶಕ್ತಿ ಗುಂಪುಗಳಲ್ಲಿ ಮೇಲಿನ ಆರು ಎಚ್ಚರಿಕೆಯ ಲಕ್ಷಣಗಳನ್ನು ಓದಿ ಹೇಳಿ, ಸಂಘದ ಸೂಚನಾ ಫಲಕದ ಮೇಲೆ ಬರೆಸುವುದು ಒಳ್ಳೆಯದು. ಹೊಲದಲ್ಲಿ ರೋಗ ಕಂಡ ದಿನವೇ ಎಲೆ ಕಿತ್ತು ತಂದು ತೋರಿಸುವ ರೈತ, ತನ್ನ ಮೈಯ ವಿಷಯದಲ್ಲಿಯೂ ಅಷ್ಟೇ ಜಾಗರೂಕನಾದರೆ ಅನೇಕ ಮನೆಗಳಲ್ಲಿ ದುಡಿಯುವ ಕೈ ಉಳಿಯುತ್ತದೆ.